ಅಫ್ಸರ್ ಬಾನು ನಡೆಸಿದ ವಿಚಾರಣೆ

ಅಫ್ಸರ್ ಬಾನು ಕ್ಯಾಮೆರಾ ಹಿಡಿದದ್ದು ಸಿನಿಮಾದ ಹುಚ್ಚಿನಿಂದಲ್ಲ. ತುರುವೇಕೆರೆಯಲ್ಲಿ ಅವರ ಜನರ ಮದುವೆಗಳಲ್ಲಿ ಹೆಂಗಸರು ಕೂರುವ ಕಡೆಗೆ ಗಂಡಸರು ಹೋಗುವಂತಿಲ್ಲ. ಆ ಕಡೆಯ ವೀಡಿಯೋ ತೆಗೆಯಲು ಒಬ್ಬ ಹೆಂಗಸು ಬೇಕಾಗಿತ್ತು. ಬಸ್ ಸ್ಟ್ಯಾಂಡ್ ಹಿಂದೆ ಸ್ಟುಡಿಯೋ ಇಟ್ಟಿದ್ದ ಚಿಕ್ಕಪ್ಪನ ಮಗ ರಯೀಸ್ ಬಂದು ಇವಳನ್ನು ಕರೆದ. ಆಗ ಅವಳಿಗೆ ಇಪ್ಪತ್ತೆರಡು ವರ್ಷ. ಅಪ್ಪ ವಹಾಬ್ ಸಾಬರು ಟೈಲರ್. ಅವರ ಪಕ್ಕದಲ್ಲಿ ಕೂತು ಶರ್ಟುಗಳಿಗೆ ಗುಂಡಿ ಹಚ್ಚುತ್ತಿದ್ದವಳು ಎದ್ದು ಹೋಗಿ ಕ್ಯಾಮೆರಾ ಹೆಗಲಿಗೇರಿಸಿಕೊಂಡಳು. ನಾಲ್ಕೈದು ವರ್ಷ ಕಳೆಯುವಷ್ಟರಲ್ಲಿ ಗೌಡರ ಮನೆ, ಲಿಂಗಾಯತರ ಮನೆ ಎಂದಿಲ್ಲದೆ ಎಲ್ಲರೂ ಬಾನುವನ್ನೇ ಕೇಳತೊಡಗಿದರು. ಮದುಮಗಳ ಕೋಣೆಯೊಳಗೆ ಅವಳು ನಿಂತರೆ ಯಾರಿಗೂ ಮುಜುಗರವಿರಲಿಲ್ಲ.

ಎಡಿಟಿಂಗನ್ನೂ ಅವಳೇ ಕಲಿತಳು. ಹಂದನಕೆರೆಯ ಒಂದು ಮದುವೆಯಲ್ಲಿ ಹೆಣ್ಣಿನ ಸೋದರಮಾವನ ಬಸ್ಸು ಕೆಟ್ಟು, ಆತ ಬರುವಷ್ಟರಲ್ಲಿ ಧಾರೆ ಮುಗಿದಿತ್ತು. ಮಾವ ಕಂಬಕ್ಕೊರಗಿ ಕಣ್ಣೊರೆಸಿಕೊಳ್ಳುತ್ತಿದ್ದುದನ್ನು ನೋಡಿದ ಬಾನು ಮತ್ತೊಮ್ಮೆ ಎಲ್ಲರನ್ನೂ ನಿಲ್ಲಿಸಿ, ಅವನ ಕೈಯಿಂದ ಧಾರೆ ಎರೆಸಿ, ಅದನ್ನೇ ವೀಡಿಯೋದಲ್ಲಿ ಸೇರಿಸಿದಳು. ಎರಡು ವರ್ಷಕ್ಕೆ ಆ ಮಾವ ತೀರಿಹೋದ. ಆ ಹೆಣ್ಣುಮಗಳು ಈಗಲೂ ಅದೊಂದು ತುಣುಕನ್ನೇ ಹಾಕಿಕೊಂಡು ನೋಡುತ್ತಾಳಂತೆ. "ಅದು ಸುಳ್ಳೇನ್ರೀ? ಆತ ಧಾರೆ ಎರೆದಿದ್ದು ನಿಜ, ಅತ್ತಿದ್ದು ನಿಜ. ಗಂಟೆ ಒಂದೇ ಸುಳ್ಳು" ಎಂದು ಬಾನು ಕೇಳುತ್ತಿದ್ದಳು. ರಯೀಸ್‌ಗೆ ಇಂಥ ಮಾತು ಅರ್ಥವಾಗುತ್ತಿರಲಿಲ್ಲ. ಗಿರಾಕಿ ಒಪ್ಪಿದರೆ ಸಾಕು ಎನ್ನುತ್ತಿದ್ದ.

ಹೀಗಿರುವಾಗ ತೆಂಗಿನ ಕಾಯಿಪುಡಿ ಫ್ಯಾಕ್ಟರಿಯ ಕೆಲಸ ಬಂತು. ತಿಪಟೂರು ರಸ್ತೆಯಲ್ಲಿರುವ ಆ ಫ್ಯಾಕ್ಟರಿಯ ಯಜಮಾನ ರೇಣುಕಪ್ರಸಾದ್. ಹೊರದೇಶದ ವ್ಯಾಪಾರಿಗಳಿಗೆ ತೋರಿಸಲು ಅವರಿಗೊಂದು ಚೆಂದದ ವೀಡಿಯೋ ಬೇಕಾಗಿತ್ತು. ಬಾನು ಮೂರು ದಿನ ಹೋಗಿ ತೆಗೆದಳು. ಸುಮಾರು ನಲವತ್ತು ಹೆಂಗಸರು ಸಾಲಾಗಿ ನಿಂತು, ಚಿಪ್ಪಿನಿಂದ ಬಿಡಿಸಿದ ಕಾಯಿಯ ಕಂದು ಸಿಪ್ಪೆಯನ್ನು ಚಾಕುವಿನಿಂದ ಹೆರೆಯುತ್ತಿದ್ದರು. ಅವರೆಲ್ಲರಿಗೂ ಹೊಸ ಬಿಳಿ ಕೋಟು, ತಲೆಗೆ ಟೋಪಿ, ಕೈಗೆ ಗ್ಲೌಸು. ಪಕ್ಕದ ಕೋಣೆಯಲ್ಲಿ ಕಾಯಿ ತುರಿಯುವ ಯಂತ್ರ, ಅದರ ಬಾಯಿಗೆ ಥಳಥಳ ಹೊಳೆಯುವ ಸ್ಟೀಲ್ ಮುಚ್ಚಳ.

ಸಾಲಿನ ಮೊದಲಲ್ಲಿದ್ದವಳು ಹುಚ್ಚಕ್ಕ. ಐವತ್ತೆಂಟು ವರ್ಷ, ಹನ್ನೆರಡು ವರ್ಷದಿಂದ ಅಲ್ಲೇ ಕೆಲಸ. ಕೈಯ ಕಡೆ ನೋಡದೆ ಕಾಯಿ ಹೆರೆಯುತ್ತಿದ್ದಳು. ಗ್ಲೌಸು ಹಾಕಿಕೊಂಡ ಕೈಯನ್ನು ಕ್ಯಾಮೆರಾದ ಮುಂದೆ ಆಡಿಸಿ ನಕ್ಕಳು. "ಇದ್ನ ಹಾಕ್ಕಂಡ್ರೆ ಕಾಯಿ ಕೈಯಾಗೆ ನಿಲ್ಲಕಿಲ್ಲ ಕಣವ್ವ. ಇವತ್ತೇ ಮೊದ್ಲು ಕಂಡಿದ್ದು."

ಮೂರನೆಯ ದಿನ ಸಂಜೆ ಮ್ಯಾನೇಜರ್ ಮಹಾಂತೇಶ್ ಒಂದು ಪ್ಲಾಸ್ಟಿಕ್ ಕ್ರೇಟು ಹಿಡಿದು ಸಾಲಿನುದ್ದಕ್ಕೂ ನಡೆದ. ಹೆಂಗಸರು ಗ್ಲೌಸು, ಟೋಪಿ, ಕೋಟು ಬಿಚ್ಚಿ ಅದರೊಳಗೆ ಹಾಕಿದರು. ಕೆಲಸ ನಿಧಾನವಾಗುತ್ತದೆಂದು ಯಂತ್ರದ ಮುಚ್ಚಳವನ್ನೂ ಬಿಚ್ಚಿಸಿದರು. ಬಾನು ಅದನ್ನೆಲ್ಲ ನಿಂತು ನೋಡಿದಳು, ಆದರೆ ಕ್ಯಾಮೆರಾ ಆಗಲೇ ಚೀಲ ಸೇರಿತ್ತು. "ಆ ಐದು ನಿಮಿಷ ತೆಗೀಬೇಕಾಗಿತ್ತು. ಕಂಡೂ ಸುಮ್ಮನಿದ್ದೆ" ಎಂದು ಆಮೇಲೆ ಎಷ್ಟೋ ಸಲ ಹೇಳಿಕೊಂಡಿದ್ದಾಳೆ.

ನಾಲ್ಕು ತಿಂಗಳಾದ ಮೇಲೆ ಒಂದು ದಿನ ಯಂತ್ರಕ್ಕೆ ಕಾಯಿ ಹಾಕುವ ಆಳು ಬರಲಿಲ್ಲ. ನೀನು ಹಾಕು ಎಂದು ಹುಚ್ಚಕ್ಕನನ್ನು ಕಳಿಸಿದರು. ಮುಚ್ಚಳವಿಲ್ಲದ ಯಂತ್ರ ಅವಳ ಬಲಗೈಯ ಮೂರು ಬೆರಳು, ಅಂಗೈಯ ಒಂದು ಪಾಲನ್ನು ಎಳೆದುಕೊಂಡಿತು. ಆಟೋದಲ್ಲಿ ಆಸ್ಪತ್ರೆಗೆ ಸಾಗಿಸಿದರು. ಮನೆಯಲ್ಲಿ ಆದದ್ದು ಎಂದು ಬರೆಸಬೇಕೆಂದು ದಾರಿಯುದ್ದಕ್ಕೂ ಹೇಳಿಕೊಟ್ಟರು. ಪ್ರಜ್ಞೆ ತಪ್ಪುತ್ತಿದ್ದ ಹೆಂಗಸಿಗೆ ಹೇಳಿಕೊಡುವ ಮಾತೇ ಅದು? ಆಮೇಲೆ ಅವಳ ಮಗಳು ಕಾರ್ಮಿಕ ಇಲಾಖೆಗೆ ದೂರು ಕೊಟ್ಟಾಗ ರೇಣುಕಪ್ರಸಾದ್ ಕೊಟ್ಟ ಉತ್ತರ ಇನ್ನೂ ಹೇಸಿಗೆಯದು. ಹುಚ್ಚಕ್ಕ ಎನ್ನುವವಳು ನಮ್ಮಲ್ಲಿ ಕೆಲಸಕ್ಕೇ ಇಲ್ಲ, ಒಲೆಗೆ ಚಿಪ್ಪು ಆಯಲು ಬರುತ್ತಿದ್ದವಳು, ಹೇಳದೆ ಕೇಳದೆ ಒಳಗೆ ನುಗ್ಗಿದ್ದಾಳೆ ಎಂದರು. ಹಾಜರಿ ಪುಸ್ತಕದಲ್ಲಿ ಅವಳ ಹೆಸರಿರಲಿಲ್ಲ. ಆ ನಲವತ್ತು ಹೆಂಗಸರಲ್ಲಿ ಒಬ್ಬಳ ಹೆಸರೂ ಇರಲಿಲ್ಲ.

ಈ ಸುದ್ದಿಯನ್ನು ಬಾನುವಿಗೆ ಮುಟ್ಟಿಸಿದವಳು ಮೀನಾ. ಅದೇ ಸಾಲಿನಲ್ಲಿ ನಿಲ್ಲುತ್ತಿದ್ದ ಇಪ್ಪತ್ತಾರರ ಹುಡುಗಿ, ಪಾಸ್‌ಪೋರ್ಟ್ ಸೈಜಿನ ಫೋಟೋ ತೆಗೆಸಲು ಸ್ಟುಡಿಯೋಗೆ ಬಂದಿದ್ದಳು. ಕೇಳಿದ ಕೂಡಲೇ ಬಾನು ಹಳೆಯ ಹಾರ್ಡ್ ಡಿಸ್ಕ್ ಹುಡುಕಿದಳು. ಹುಚ್ಚಕ್ಕ ಫ್ಯಾಕ್ಟರಿಯ ಒಳಗೆ ನಿಂತು ಕಾಯಿ ಹೆರೆಯುತ್ತಿರುವುದು ಹನ್ನೊಂದು ಕಡೆ ಇತ್ತು. ಇನ್ನೇನು ಬೇಕು? ಹುಚ್ಚಕ್ಕನನ್ನು ಕರೆದುಕೊಂಡು, ದೂರು ಕೊಟ್ಟಿದ್ದ ಕಚೇರಿಗೆ ಹೋಗಿ ಅಧಿಕಾರಿಯ ಮುಂದೆ ಲ್ಯಾಪ್‌ಟಾಪ್ ತೆರೆದಿಟ್ಟಳು. ಅಧಿಕಾರಿ ರೇಣುಕಪ್ರಸಾದರನ್ನೂ ಕರೆಸಿದರು.

ರೇಣುಕಪ್ರಸಾದ್ ಕೂತು ಪೂರ್ತಿ ನೋಡಿದರು. "ಇದು ಜಾಹೀರಾತು ಸಾರ್" ಎಂದರು. "ಜಾಹೀರಾತಿಗೆ ಜನ ಕರೆಸಿ ನಿಲ್ಲಿಸ್ತೀವಿ. ಈಯಮ್ಮನೂ ಹಂಗೆ ಬಂದು ನಿಂತಿರ್ತಾಳೆ. ಇದು ನಟನೆ. ಈ ಕ್ಯಾಮೆರಾದೋರೇ ನಿಲ್ಲಿಸಿದ್ದು, ಕೇಳಿ ಬೇಕಾದ್ರೆ."

ಬಾನು ಬಾಯಿ ತೆರೆಯುವ ಮೊದಲೇ ಅವರು ಪರದೆಗೆ ಬೆರಳು ತೋರಿಸಿದರು. "ಇಲ್ನೋಡಿ ಸಾರ್, ಎಲ್ಲಾರ ಕೈಯಲ್ಲೂ ಗ್ಲೌಸ್ ಐತೆ, ಮಿಷನ್‌ಗೆ ಮುಚ್ಚಳ ಐತೆ. ನಮ್ಮಲ್ಲಿ ಸೇಫ್ಟಿ ಇಲ್ಲ ಅಂತ ಯಾರು ಹೇಳೋದು?"

ಒಂದೇ ಉಸಿರಿನಲ್ಲಿ ಎರಡು ಮಾತು. ಹುಚ್ಚಕ್ಕನ ಮಟ್ಟಿಗೆ ವೀಡಿಯೋ ಸುಳ್ಳು, ಗ್ಲೌಸಿನ ಮಟ್ಟಿಗೆ ನಿಜ. ಅಧಿಕಾರಿ ಎರಡನ್ನೂ ಬರೆದುಕೊಂಡರು. ಎರಡೂ ಒಟ್ಟಿಗೆ ಹೇಗೆ ಸಾಧ್ಯ ಎಂದು ಕೇಳಲಿಲ್ಲ. ಹುಚ್ಚಕ್ಕನನ್ನು ಒಂದು ಮಾತೂ ಕೇಳಲಿಲ್ಲ. ಸೆರಗಿನಲ್ಲಿ ಕೈ ಮುಚ್ಚಿಕೊಂಡು ಗೋಡೆಯ ಪಕ್ಕ ನಿಂತೇ ಇದ್ದವಳಿಗೆ ಕುರ್ಚಿ ಕೂಡ ತೋರಿಸಲಿಲ್ಲ. ತಿಂಗಳೊಳಗೆ, ಸಾಕ್ಷ್ಯ ಸಾಲದು ಎಂದು ಕಡತ ಮುಚ್ಚಿತು.

ಅದು ತಿಳಿದ ದಿನ ಬಾನು ಸ್ಟುಡಿಯೋಗೆ ಬಂದವಳೇ ಲ್ಯಾಪ್‌ಟಾಪ್ ಚೀಲವನ್ನು ಮೇಜಿನ ಮೇಲೆ ಕುಕ್ಕಿದಳು. ತನ್ನ ಕೈಯಾರೆ ತೆಗೆದ ಚಿತ್ರ ಆ ಹೆಂಗಸಿನ ಕುತ್ತಿಗೆಗೇ ಬಂದಿತ್ತು.

"ನಿಜ ತೋರಿಸಿದ್ರೆ ನಾಟಕ ಅಂತಾನೆ ಕಣೋ ರಯೀಸ್. ಆಯ್ತು, ನಾಟಕಾನೇ ಆಡೋಣ. ಆ ಆಫೀಸಲ್ಲಿ ನಡೀಲಿಲ್ವಲ್ಲ ವಿಚಾರಣೆ, ಅದನ್ನ ನಾನು ನಡೆಸ್ತೀನಿ."

ವಹಾಬ್ ಸಾಬರು ಹೆದರಿದರು. "ದೊಡ್ಡೋರ ತಂಟೆ ನಮಗ್ಯಾಕೆ ಬೇಟಾ? ಅವರ ಮನೆ ಮದುವೆ ಬಟ್ಟೆ ನಾನೇ ಹೊಲಿದಿದ್ದು."

"ನೀವು ಹೊಲಿದಿದ್ದು ಬಟ್ಟೆ ಅಬ್ಬಾ. ನಾನು ಅವರ ಸುಳ್ಳನ್ನ ಹೊಲಿದುಕೊಟ್ಟಿದ್ದೀನಿ."

ಜಾಗ ಕೊಟ್ಟವರು ಹಾಲ್ಕುರಿಕೆಯ ರೈತ ಚಿಕ್ಕರಂಗಯ್ಯ. ಆ ವರ್ಷದ ಕೊಬ್ಬರಿ ಮಾರಿ ಅವರ ಅಟ್ಟ ಖಾಲಿಯಾಗಿತ್ತು. ಭಾನುವಾರ ಭಾನುವಾರ ಹೆಂಗಸರು ಅಲ್ಲಿಗೆ ಬರತೊಡಗಿದರು. ಮೊದಲ ದಿನ ಹದಿನಾಲ್ಕು ಜನ, ಕೊನೆಗೆ ಉಳಿದವರು ಒಂಬತ್ತು. ಬಾನು ಮೊದಲು ಒಬ್ಬೊಬ್ಬರನ್ನೇ ಕಿಟಕಿಯ ಪಕ್ಕ ಕೂರಿಸಿ, ನಡೆದದ್ದನ್ನು ನಡೆದ ಹಾಗೆ ಹೇಳಿಸಿದಳು. ಬೆರಳಿನ ಹಳೆಯ ಗಾಯ, ಶೌಚಕ್ಕೆ ಹೋಗಲು ಕೇಳಿಕೊಳ್ಳಬೇಕಾದ ಅಪ್ಪಣೆ, ತಡವಾಗಿ ಬಂದರೆ ಅರ್ಧ ದಿನದ ಕೂಲಿಗೆ ಕತ್ತರಿ. ಅದು ಸಿನಿಮಾದ ಒಂದು ಭಾಗ. ಇನ್ನೊಂದು ಭಾಗ, ನಡೆಯಬೇಕಾಗಿದ್ದ ವಿಚಾರಣೆ. ಒಂದು ಮೇಜು, ನಾಲ್ಕು ಕುರ್ಚಿ. ಅಧಿಕಾರಿಯ ಪಾತ್ರಕ್ಕೆ ನಿಂಗಮ್ಮ ಒಪ್ಪಿದಳು. ಎಲ್ಲರಿಗಿಂತ ಹಿರಿಯಳು, ಗಟ್ಟಿ ದನಿಯವಳು. ಹುಚ್ಚಕ್ಕ ತನ್ನ ಪಾತ್ರವನ್ನು ತಾನೇ ಮಾಡುತ್ತಾಳೆಂದು ಬಾನು ಎಣಿಸಿದ್ದಳು.

"ನಾನ್ ಒಲ್ಲೆ" ಎಂದಳು ಹುಚ್ಚಕ್ಕ. "ನನ್ ಪಾಡು ನಂಗೆ ಗೊತ್ತೈತೆ, ಅದ್ನೇನ್ ಆಡಿ ತೋರ್ಸದು? ನನ್ ಪಾತ್ರ ಮೀನಾ ಮಾಡ್ಲಿ ಬುಡು. ನಾನು ಯಜಮಾನ ಆಯ್ತೀನಿ."

ಹೆಂಗಸರು ಗೊಳ್ಳೆಂದು ನಕ್ಕರು. ಹುಚ್ಚಕ್ಕ ನಗಲಿಲ್ಲ. ಚಿಕ್ಕರಂಗಯ್ಯನವರ ಬಿಳಿ ಶರ್ಟು ಕೇಳಿ ಸೀರೆಯ ಮೇಲೆ ತೊಟ್ಟಳು. ಕುರ್ಚಿಯಲ್ಲಿ ಕಾಲ ಮೇಲೆ ಕಾಲು ಹಾಕಿ ಕೂತಳು. ಆ ದಿನ ಗೋಡೆಯ ಪಕ್ಕ ನಿಂತು ಕೇಳಿಸಿಕೊಂಡದ್ದನ್ನು ಒಂದು ಅಕ್ಷರ ಬಿಡದೆ ಹೇಳಿದಳು. ಅದೇ ರಾಗ, ಅದೇ ಕೈ ತಿರುವು. "ಇದು ನಟನೆ. ಇಲ್ನೋಡಿ ಸಾರ್, ಎಲ್ಲಾರ ಕೈಯಲ್ಲೂ ಗ್ಲೌಸ್ ಐತೆ." ಗ್ಲೌಸ್ ಎನ್ನುವಾಗ ಅವಳು ತೋರಿಸಿದ್ದು ಅರ್ಧ ಉಳಿದ ಬಲಗೈಯನ್ನು.

ಎದುರಿಗೆ ಹುಚ್ಚಕ್ಕನಾಗಿ ನಿಂತಿದ್ದ ಮೀನಾಳಿಗೆ ನಿಂಗಮ್ಮ ಪ್ರಶ್ನೆ ಕೇಳಬೇಕಾಗಿತ್ತು. ಏನು ಕೇಳಬೇಕೆಂದು ಬಾನು ಹೇಳಿಕೊಟ್ಟಿರಲಿಲ್ಲ. ನಿಜವಾದ ಅಧಿಕಾರಿಯೇ ಕೇಳಿರದಿದ್ದಾಗ ಎಲ್ಲಿಂದ ಹೇಳಿಕೊಡುವುದು? ನಿಂಗಮ್ಮ "ಕೂತ್ಕಳವ್ವ ಮೊದ್ಲು" ಎಂದಳು. ಆಮೇಲೆ, "ಈಗ ಯಾವ ಕೈಲಿ ಉಣ್ತೀಯಾ?" ಎಂದು ಕೇಳಿದಳು.

ಮೀನಾ ಹುಚ್ಚಕ್ಕನ ಕಡೆ ತಿರುಗಿದಳು. ಪಕ್ಕದ ಕುರ್ಚಿಯಿಂದ, ಯಜಮಾನನ ಶರ್ಟು ತೊಟ್ಟಿದ್ದ ಹುಚ್ಚಕ್ಕನೇ ಉತ್ತರಿಸಿದಳು. "ಎಡಗೈಲಿ. ಮುದ್ದೆ ಮುರಿಯಕ್ಕೆ ಬರಾಕಿಲ್ಲ. ಮಗಳು ಮುರ್ದು ಇಕ್ತಾಳೆ."

ಬಾನು ಕ್ಯಾಮೆರಾ ನಿಲ್ಲಿಸಲಿಲ್ಲ. ಆ ಉತ್ತರವನ್ನು ಚಿತ್ರದಲ್ಲಿ ಹಾಗೇ ಇಟ್ಟುಕೊಂಡಳು.

ಒಂದು ವಿಷಯದಲ್ಲಿ ಮಾತ್ರ ಅವಳು ತಿಳಿದೂ ತಿಳಿದೂ ಬದಲಾವಣೆ ಮಾಡಿದಳು. ಹುಚ್ಚಕ್ಕನ ಕೈ ಹೋದದ್ದು ಬೆಳಗ್ಗೆ ಎಂಟೂವರೆಗೆ. ಅದನ್ನೂ ಅಟ್ಟದಲ್ಲೇ ಆಡಿಸಿದಳು. ಅಲ್ಲಿನ ಒಂದೇ ಕಿಟಕಿ ಪಡುವಣಕ್ಕಿತ್ತು, ಮಧ್ಯಾಹ್ನ ಎರಡು ಗಂಟೆ ಕಳೆಯದೆ ಬೆಳಕು ಬೀಳುತ್ತಿರಲಿಲ್ಲ. ಹಾಗಾಗಿ ಸಿನಿಮಾದಲ್ಲಿ ಆ ಘಟನೆ ಮಧ್ಯಾಹ್ನದ ಶಿಫ್ಟಿನಲ್ಲಿ ನಡೆಯಿತು.

ಸುದ್ದಿ ಫ್ಯಾಕ್ಟರಿಗೆ ಮುಟ್ಟಲು ಎಷ್ಟು ದಿನ ಬೇಕು? ಐದನೆಯ ಸೋಮವಾರ ಆರು ಜನ ಹೆಂಗಸರನ್ನು ಗೇಟಿನಲ್ಲೇ ತಡೆದರು. "ಸಿನಿಮಾದಾಗೆ ಕೆಲಸ ಸಿಕ್ಕೈತಲ್ಲ, ಅಲ್ಲೇ ಹೋಗ್ರಿ" ಎಂದರಂತೆ. ಬಾನು ನಿಂಗಮ್ಮನ ಮನೆಗೆ ಹೋಗಿ ತಲೆ ತಗ್ಗಿಸಿ ಕೂತಳು. ಇಲ್ಲಿಗೇ ನಿಲ್ಲಿಸಿಬಿಡುತ್ತೇನೆ ಎಂದಳು.

ನಿಂಗಮ್ಮನಿಗೆ ಸಿಟ್ಟು ನೆತ್ತಿಗೇರಿತು. "ಈಗ ಬುಟ್ರೆ ಕೂಲೀನೂ ಹೋಯ್ತು, ಆಡಿದ ಮಾತೂ ಹೋಯ್ತು. ಅವ್ನು ಹೆದರ್ಸಿದ, ನಾವು ಹೆದರ್ಕಂಡ್ವಿ ಅಂತ ಆಗ್ಬೇಕಾ? ಮುಗ್ಸು ಕಣವ್ವ."

ಬಾನು ಮುಗಿಸಿದಳು. ಐವತ್ತೆರಡು ನಿಮಿಷದ ಚಿತ್ರ. ಸ್ಪರ್ಧೆಯೊಂದರ ಅರ್ಜಿಯಲ್ಲಿ ಸಾಕ್ಷ್ಯಚಿತ್ರ, ಕಥಾಚಿತ್ರ ಎಂದು ಎರಡು ಚೌಕಗಳಿದ್ದವು. ಅವಳು ಎರಡಕ್ಕೂ ಗುರುತು ಹಾಕಿದಳು. ಅರ್ಜಿ ತಿರಸ್ಕೃತವಾಯಿತು. ಕೊನೆಗೆ ಬೆಂಗಳೂರಿನ ಒಂದು ಚಿತ್ರಪ್ರೇಮಿಗಳ ಬಳಗ ಪ್ರದರ್ಶನಕ್ಕೆ ಕರೆಯಿತು. ಬಾನು, ಹುಚ್ಚಕ್ಕ, ಮೀನಾ ಮೂವರೂ ಬಸ್ಸಿನಲ್ಲಿ ಹೋದರು. ಚಿತ್ರ ಮುಗಿದಾಗ ಜನ ಎದ್ದು ನಿಂತು ಚಪ್ಪಾಳೆ ತಟ್ಟಿದರು. ಅಲ್ಲಿಗೆ ನಿಂತಿದ್ದರೆ ಚೆನ್ನಾಗಿತ್ತು. ಕಾರ್ಯಕ್ರಮ ನಡೆಸುತ್ತಿದ್ದವರು ಮೈಕು ಹಿಡಿದು, ಮುಖಗಳು ಎಷ್ಟು ಸಹಜವಾಗಿವೆ, ಮಣ್ಣಿನ ವಾಸನೆ ಇದೆ ಎಂದು ಹೊಗಳಿದರು. ಆ ಹೆಂಗಸರು ಹೆರೆಯುವುದು ಕಾಯಿ, ವಾಸನೆ ಬರುವುದು ಕಾಯಿ ಹಾಲಿನದು. ಅದಿರಲಿ. ಆಮೇಲೆ ಅವರು ಹುಚ್ಚಕ್ಕನನ್ನು ವೇದಿಕೆಗೆ ಕರೆದು, "ಅಮ್ಮಾ, ನಿಮ್ಮ ಕೈ ಒಂದ್ಸಲ ಎತ್ತಿ ತೋರಿಸ್ತೀರಾ? ಇದರಲ್ಲಿ ನಿಜ ಎಷ್ಟು ಅಂತ ಜನಕ್ಕೆ ಗೊತ್ತಾಗಲಿ" ಎಂದರು.

ಬಾನುವಿಗೆ ಮೈಯೆಲ್ಲ ಉರಿಯಿತು. ಎದ್ದು ನಿಂತಳು. ಅಷ್ಟರಲ್ಲಿ ಹುಚ್ಚಕ್ಕನೇ ಮೈಕು ತೆಗೆದುಕೊಂಡಳು.

"ಐವತ್ತು ನಿಮಿಷ ನೋಡಿದ್ರಲ್ಲ ಸ್ವಾಮಿ, ಆವಾಗ ಕಾಣ್ಲಿಲ್ವಾ? ಆಫೀಸ್ನೋರು ಕೈ ಎದ್ರಿಗಿದ್ರೂ ಸಿನಿಮಾನೇ ನೋಡಿದ್ರು. ನಿಮಗೆ ಸಿನಿಮಾ ತೋರ್ಸಿದ್ರೆ ಕೈ ತೋರ್ಸು ಅಂತೀರಾ. ನಾನ್ ತೋರ್ಸಕಿಲ್ಲ."

ಕತೆಯ ಭಾಗ ತೆಗೆದು, ಬರೀ ನಿಜದ ಭಾಗವನ್ನಷ್ಟೇ ಇಟ್ಟುಕೊಟ್ಟರೆ ಇನ್ನೂ ನಾಲ್ಕು ಕಡೆ ತೋರಿಸಬಹುದು ಎಂದು ಅದೇ ಬಳಗದವರು ಆಮೇಲೆ ಫೋನು ಮಾಡಿದರು. "ಅದೂ ನಡೆದಿದ್ದೇ ಸಾರ್, ಆ ಅಟ್ಟದಲ್ಲಿ ನಡೀತು. ನಾನೇ ಇದ್ದೆ" ಎಂದು ಬಾನು ಫೋನಿಟ್ಟಳು.

ಚಿತ್ರವನ್ನು ನಮ್ಮ ಜನಕ್ಕೇ ತೋರಿಸಬೇಕು ಎಂದು ಹೊರಟಾಗ ಗೊತ್ತು ಮಾಡಿದ್ದ ಮಂಟಪದವರು ಹಿಂದಿನ ದಿನ ಕೈಯೆತ್ತಿದರು, ನೀರಿನ ಮೋಟಾರು ಕೆಟ್ಟಿದೆಯಂತೆ. ಚಿಕ್ಕರಂಗಯ್ಯ ತಮ್ಮ ಕಣದಲ್ಲೇ ಬಿಳಿ ಪಂಚೆ ಕಟ್ಟಿಸಿದರು. ಸಂಜೆ ಇನ್ನೂರು ಜನ ಸೇರಿದರು. ಫ್ಯಾಕ್ಟರಿಯಲ್ಲಿ ಕೆಲಸ ಮಾಡುತ್ತಿದ್ದವರೂ ಬಂದರು. ಯಾರು ಯಾರು ಬಂದಿದ್ದಾರೆಂದು ನೋಡಿಕೊಂಡು ಹೋಗಲು ಮ್ಯಾನೇಜರ್ ಮಹಾಂತೇಶನೂ ಬಂದು ಹಿಂದೆ ಬೈಕಿನ ಮೇಲೆ ಕೂತ. ಜನರ ಮುಖ ತೆಗೆಯಲೆಂದು ಬಾನು ಪರದೆಯ ಪಕ್ಕದಲ್ಲಿ ಕ್ಯಾಮೆರಾ ಚಾಲೂ ಮಾಡಿಟ್ಟಿದ್ದಳು.

ವಿಚಾರಣೆಯ ಭಾಗ ಬಂತು. ಪರದೆಯ ಮೇಲೆ ಮೀನಾ, ಮಧ್ಯಾಹ್ನದ ಶಿಫ್ಟಿನಲ್ಲಿ ಮ್ಯಾನೇಜರೇ ತನ್ನನ್ನು ಯಂತ್ರಕ್ಕೆ ಕಳಿಸಿದ ಎಂದಳು. ಜನ ತಿರುತಿರುಗಿ ಮಹಾಂತೇಶನನ್ನು ನೋಡಿದರು. ಅವನಿಗೆ ತಡೆಯಲಾಗಲಿಲ್ಲ. ಬೈಕಿನಿಂದ ಇಳಿದು ಮುಂದೆ ಬಂದ.

"ಸುಳ್ಳು! ಎಲ್ಲಾ ಸುಳ್ಳು ಕಟ್ಟವ್ರೆ! ಮಧ್ಯಾಹ್ನ ನಾನು ಊರಲ್ಲೇ ಇರ್ಲಿಲ್ಲ. ಹುಚ್ಚಕ್ಕ ಆವತ್ತು ಬೆಳಗಿನ ಶಿಫ್ಟು! ಏಳು ಗಂಟೆಗೆ ನಾನೇ ಒಳಗೆ ಕಳ್ಸಿದ್ದು. ಮಿಷನ್ ಮೇಲೆ ಹಾಕು ಅಂದಿದ್ದು ಯಜಮಾನ್ರು, ನಾನಲ್ಲ!"

ಹೇಳಿ ಮುಗಿಸಿದ ಮೇಲೆ ಅವನಿಗೆ ಅರಿವಾಯಿತು. ಹುಚ್ಚಕ್ಕ ಚಾಪೆಯ ಮೇಲೆ ಕೂತಲ್ಲಿಂದಲೇ, "ಹೌದು ಕಣಪ್ಪ. ಬೆಳಗಿನ ಶಿಫ್ಟೇ" ಎಂದಳು.

ಆ ತುಣುಕನ್ನು ಬಾನು ಚಿತ್ರದ ಕೊನೆಗೆ ಸೇರಿಸಿದಳು. ಒಂದು ಪ್ರತಿ, ಕಣದಲ್ಲಿದ್ದ ಮೂವತ್ತೊಂದು ಜನರ ಸಹಿ, ಎರಡನ್ನೂ ವಕೀಲರ ಮೂಲಕ ಮೇಲಿನ ಕಚೇರಿಗೆ ಕೊಟ್ಟಳು. ಮುಚ್ಚಿದ ಕಡತ ತೆರೆಯಿತು. ಕೈ ಹೋಗಿ ಎರಡು ವರ್ಷ ಏಳು ತಿಂಗಳಾದ ಮೇಲೆ ನಿಜವಾದ ವಿಚಾರಣೆ ನಡೆಯಿತು. ಈ ಸಲ ಹುಚ್ಚಕ್ಕನಿಗೆ ಕುರ್ಚಿ ಕೊಟ್ಟರು. ಮಹಾಂತೇಶ್ ಕಣದಲ್ಲಿ ಆಡಿದ ಮಾತನ್ನು ಅಲ್ಲಗಳೆಯಲಿಲ್ಲ. ರೇಣುಕಪ್ರಸಾದ್ ತಡವರಿಸಿ ತಡವರಿಸಿ ಉತ್ತರ ಕೊಟ್ಟರು. ಹೊರಗೆ ಬಂದ ಮೇಲೆ ಹುಚ್ಚಕ್ಕ, "ನನ್ನಷ್ಟು ಚೆಂದಾಗಿ ಹೇಳ್ಲಿಲ್ಲ ಬುಡು" ಎಂದಳು. ಅವಳು ಅಲ್ಲಿನ ಕೆಲಸಗಾರ್ತಿಯೇ ಎಂದು ಆದೇಶವಾಯಿತು, ಪರಿಹಾರ ಕೊಡಬೇಕೆಂದೂ ಆಯಿತು. ಫ್ಯಾಕ್ಟರಿಯಲ್ಲಿ ಈಗ ಹೆಂಗಸರ ಹೆಸರು ಪುಸ್ತಕದಲ್ಲಿದೆ. ಯಂತ್ರಕ್ಕೆ ಮುಚ್ಚಳವನ್ನು ಬಿಚ್ಚಲಾಗದಂತೆ ಬೆಸುಗೆ ಹಾಕಿಸಿದ್ದಾರೆ.

ಇಷ್ಟಕ್ಕೆ ಸಮಾಧಾನಪಡಬೇಕೇ? ಆದೇಶದ ಮೇಲೆ ಯಜಮಾನರು ಮೇಲ್ಮನವಿಗೆ ಹೋಗಿದ್ದಾರೆ, ಹುಚ್ಚಕ್ಕನ ಕೈಗೆ ಇನ್ನೂ ಏನೂ ಬಂದಿಲ್ಲ. ಗೇಟಿನಲ್ಲಿ ತಡೆದ ಆರು ಜನರಲ್ಲಿ ಇಬ್ಬರನ್ನು ಮಾತ್ರ ವಾಪಸು ತೆಗೆದುಕೊಂಡರು. ಕೆಲಸ ಹೋದದ್ದು ಮಹಾಂತೇಶನಿಗೆ. ಬಾಯಿತಪ್ಪಿ ನಿಜ ಹೇಳಿದವನು ಮನೆಗೆ, ತಿಳಿದೂ ತಿಳಿದೂ ಸುಳ್ಳು ಹೇಳಿದವರು ಅದೇ ಕುರ್ಚಿಯಲ್ಲಿ. ಒಬ್ಬ ಕೂಲಿ ಹೆಂಗಸು ತಾನು ಕೂಲಿ ಮಾಡಿದ್ದೆ ಎಂದು ತೋರಿಸಲು ಒಂದು ಊರೇ ಸಿನಿಮಾ ಮಾಡಬೇಕಾಯಿತಲ್ಲ, ಅದಕ್ಕೆ ಯಾರೂ ನಾಚಿಕೆಪಟ್ಟಂತೆ ಕಾಣಲಿಲ್ಲ.

ಬಾನುವಿಗೆ ಈಗ ನಲವತ್ತೊಂದು. ದೊಡ್ಡ ಮನೆಗಳ ಮದುವೆಗಳು ಕೈತಪ್ಪಿವೆ, ಸಣ್ಣ ಮನೆಯವರು ಕರೆಯುತ್ತಾರೆ. ಹೋದ ತಿಂಗಳು ಮಹಾಂತೇಶ್ ಸ್ಟುಡಿಯೋ ಬಾಗಿಲಿಗೆ ಬಂದು ನಿಂತಿದ್ದ. ಹೊಸ ಕೆಲಸ ಸಿಕ್ಕಿಲ್ಲ, ಗಡ್ಡ ಬಿಟ್ಟಿದ್ದಾನೆ. "ನಂದೂ ಒಂದಿಷ್ಟು ಹೇಳದೈತೆ ಮೇಡಂ. ಆದ್ರೆ ನಾನೇ ನನ್ ಪಾತ್ರ ಮಾಡಕಾಗಲ್ಲ" ಎಂದ. ಬಾನುವಿಗೆ ಅವನ ಮೇಲಿನ ಸಿಟ್ಟು ಆರಿರಲಿಲ್ಲ. ಆ ಸಿಟ್ಟಿನಲ್ಲೇ ಕುರ್ಚಿ ಎಳೆದು ಹಾಕಿದಳು, ರಯೀಸ್‌ಗೆ ಟೀ ಹೇಳಿದಳು, ಕ್ಯಾಮೆರಾವನ್ನು ಸ್ಟ್ಯಾಂಡಿಗೆ ಸಿಕ್ಕಿಸಿ ಲೆನ್ಸು ಒರೆಸತೊಡಗಿದಳು.